ಪಶ್ಚಿಮ ಜರ್ಮನಿಯ ಪ್ರಥಮ ಸಮ್ಮಿಶ್ರ ಮಂತ್ರಿಮಂಡಲ

ಚುನಾವಣೆಯಲ್ಲಿ ಜನರು ಪ್ರತಿನಿಧಿಗಳನ್ನು ಆರಿಸುತ್ತಾರೆಯೇ ಹೊರತು ಸರ್ಕಾರವನ್ನಲ್ಲ. ಒಂದೇ ಪಕ್ಷಕ್ಕೆ ಬಹುಮತ ಲಭಿಸಿದಾಗ ಈ ಭೇದವು ನಮ್ಮ ಕಣ್ಣಿಗೆ ಬೀಳುವುದಿಲ್ಲ. ಲಭಿಸದಿದ್ದಾಗಲಾದರೋ ಮತದಾರನ ಕೆಲಸ ಮುಗಿದ ಮೇಲೆ ಪ್ರತಿನಿಧಿಗಳ ಕೆಲಸ ಮೊದಲಾಗುತ್ತದೆ. ಇದಕ್ಕೆ 1949ರ ಪಶ್ಚಿಮ ಜರ್ಮನಿಯ ಚುನಾವಣೆಯು ಒಳ್ಳೆಯ ನಿದರ್ಶನ.

ಆ ದೇಶದ ಪೂರ್ವಾನುಭವವನ್ನು ಮೊದಲು ನೆನೆಯಬೇಕು. 1919ರಿಂದ 1933ರ ವರೆಗೆ ನಡೆದ ವೈಮಾರ್ ಗಣರಾಜ್ಯದಲ್ಲಿ ಸುಮಾರು ಇಪ್ಪತ್ತು ಮಂತ್ರಿಮಂಡಲಗಳು ಬಂದುಹೋದುವು. 1932ನೆಯ ಸೆಪ್ಟೆಂಬರಿನಲ್ಲಿ ಚಾನ್ಸಲರ್ ಪಾಪೆನ್ ಎಂಬಾತನ ವಿರುದ್ಧ ಕಮ್ಯೂನಿಸ್ಟರು ತಂದ ಅವಿಶ್ವಾಸ ಸೂಚನೆಗೆ ಅವರ ಬದ್ಧವೈರಿಗಳಾದ ನಾಜಿಗಳೂ ಮತವಿತ್ತರು. ಸೂಚನೆಯ ಪರವಾಗಿ 512, ವಿರೋಧವಾಗಿ 42 ಮತಗಳು ಬಿದ್ದುವು. ಆತನ ಸ್ಥಾನದಲ್ಲಿ ಯಾರನ್ನು ಕೂರಿಸಬೇಕೆಂದು ಕೇಳಿದ್ದರೆ ಆ 512 ಮಂದಿ ಒಮ್ಮತದಿಂದ ಒಂದು ಹೆಸರನ್ನು ಹೇಳಲಾರದವರಾಗಿದ್ದರು. ‘ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ’ ಎಂಬ ನಮ್ಮ ಗಾದೆಗೆ ಇದಕ್ಕಿಂತ ದೊಡ್ಡ ಉದಾಹರಣೆ ಬೇಕಿಲ್ಲ. ಮರುವರ್ಷದ ಜನವರಿಯಲ್ಲಿ ಹಿಟ್ಲರನು ಚಾನ್ಸಲರನಾದನು.

ಮಹಾಯುದ್ಧಾನಂತರ, 1949ನೆಯ ಮೇ ತಿಂಗಳಿನಲ್ಲಿ ಜಾರಿಗೆ ಬಂದ ಮೂಲಶಾಸನವನ್ನು ರಚಿಸಿದವರು ಈ ಪಾಠವನ್ನು ಮರೆಯಲಿಲ್ಲ. ಅದರ 67ನೆಯ ವಿಧಿಯಂತೆ, ಹೊಸ ಚಾನ್ಸಲರನನ್ನು ಬಹುಮತದಿಂದ ಆರಿಸಿದ ಹೊರತು ಇರುವವನ ಮೇಲೆ ಅವಿಶ್ವಾಸವನ್ನು ಸೂಚಿಸಿ ಅವನನ್ನು ಇಳಿಸುವ ಹಾಗಿಲ್ಲ. ಕೆಡಹುವವನೇ ಕಟ್ಟತಕ್ಕದ್ದೆಂಬುದು ಇದರ ತಾತ್ಪರ್ಯ.

ಆಗಸ್ಟ್ 14ರಂದು ಚುನಾವಣೆ ನಡೆಯಿತು. 402 ಸ್ಥಾನಗಳಲ್ಲಿ ಕ್ರೈಸ್ತ ಡೆಮೊಕ್ರಾಟರಿಗೂ ಅವರ ಬವೇರಿಯದ ಸೋದರಪಕ್ಷಕ್ಕೂ ಕೂಡಿ 139, ಸೋಷಿಯಲ್ ಡೆಮೊಕ್ರಾಟರಿಗೆ 131, ಫ್ರೀ ಡೆಮೊಕ್ರಾಟರಿಗೆ 52 ಸ್ಥಾನಗಳು ಬಂದುವು. ಉಳಿದುವು ಸಣ್ಣ ಪಕ್ಷಗಳಿಗೂ ಪಕ್ಷೇತರರಿಗೂ ಹಂಚಿಹೋದುವು. ಬಹುಮತಕ್ಕೆ 202 ಬೇಕು. ಊರುಗಳು ಹಾಳುಬಿದ್ದಿದ್ದ ಆ ಕಾಲದಲ್ಲಿ ದೊಡ್ಡ ಪಕ್ಷಗಳೆರಡೂ ಒಂದಾಗಿ ಆಳಬೇಕೆಂದು ಅನೇಕರು ಬಯಸಿದುದು ಸಹಜವೇ.

ಎಪ್ಪತ್ತಮೂರು ವರ್ಷದ ಕೊನ್ರಾಡ್ ಆಡೆನೌರ್ ಅವರು ಇದಕ್ಕೆ ಒಪ್ಪಲಿಲ್ಲ. ಆಗಸ್ಟ್ 21ರಂದು ರ್‍ಯೋನ್‌ಡೋರ್ಫಿನ ತಮ್ಮ ಮನೆಯಲ್ಲಿ ಸೇರಿದ ಸಹೋದ್ಯೋಗಿಗಳನ್ನು ಅವರು ತಮ್ಮ ಕಡೆಗೆ ಒಲಿಸಿಕೊಂಡರು. ಲುಡ್ವಿಗ್ ಎರ್ಹಾರ್ಡ್ ಅವರ ಮುಕ್ತ ಮಾರುಕಟ್ಟೆಯೋ, ಸೋಷಿಯಲ್ ಡೆಮೊಕ್ರಾಟರ ಯೋಜಿತ ಅರ್ಥವ್ಯವಸ್ಥೆಯೋ ಎಂಬುದೇ ಚುನಾವಣೆಯ ಮುಖ್ಯ ಪ್ರಶ್ನೆಯಾಗಿದ್ದಿತು. ಇಬ್ಬರೂ ಕೂಡಿ ಕುಳಿತರೆ ಮತದಾರನ ಉತ್ತರಕ್ಕೆ ಬೆಲೆಯೆಲ್ಲಿ? ಪ್ರಬಲವಾದ ವಿರೋಧಪಕ್ಷವೂ ರಾಜ್ಯಕ್ಕೆ ಅವಶ್ಯಕವಲ್ಲವೆ?

ಫ್ರೀ ಡೆಮೊಕ್ರಾಟರನ್ನೂ 17 ಸ್ಥಾನಗಳ ಜರ್ಮನ್ ಪಕ್ಷವನ್ನೂ ಸೇರಿಸಿಕೊಂಡು 208ರ ಕೂಟವೇರ್ಪಟ್ಟಿತು. ಫ್ರೀ ಡೆಮೊಕ್ರಾಟರ ಹಾಯ್ಸ್ ಅವರು ರಾಷ್ಟ್ರಾಧ್ಯಕ್ಷರಾದರು. ಬ್ಲೂಷರ್ ಅವರು ಉಪಚಾನ್ಸಲರಾದರು. ಸೆಪ್ಟೆಂಬರ್ 15ರಂದು ಆಡೆನೌರ್ ಅವರಿಗೆ ಬಂದ ಮತಗಳು ಸರಿಯಾಗಿ 202. ಅವುಗಳಲ್ಲಿ ಒಂದು ಅವರದೇ! ಅಷ್ಟು ಸಣ್ಣ ಎಳೆಯ ಮೇಲೆ ನಿಂತವರು 1963ರ ವರೆಗೂ ಅಧಿಕಾರದಲ್ಲಿದ್ದರು.

ಆ ವಿಧಿಯು ಮುಂದೆ ಎರಡು ಸಲ ಪರೀಕ್ಷೆಗೆ ಬಂದಿತು. 1972ರಲ್ಲಿ ಬ್ರಾಂಡ್ಟ್ ಅವರನ್ನು ಇಳಿಸಲು ಹೊರಟ ಬಾರ್ಜೆಲ್ ಅವರಿಗೆ ಎರಡು ಮತಗಳು ಸಾಲದೆ ಹೋದುವು. 1982ರಲ್ಲಿ ಫ್ರೀ ಡೆಮೊಕ್ರಾಟರು ಪಕ್ಕ ಬದಲಿಸಿದುದರಿಂದ ಶ್ಮಿಟ್ ಅವರು ಇಳಿದರು. ಅದೇ ಮತದಾನದಿಂದ ಕೋಲ್ ಅವರು ಏರಿದರು. ದೇಶವು ಒಂದು ದಿನವೂ ಚಾನ್ಸಲರಿಲ್ಲದೆ ಇರಲಿಲ್ಲ.

ಹಾಗೆಂದು ಶಾಸನವು ಸ್ನೇಹವನ್ನು ಹುಟ್ಟಿಸಲಾರದು. 2024ನೆಯ ನವೆಂಬರಿನಲ್ಲಿ ಷೋಲ್ಟ್ಸ್ ಅವರ ಮೂರು ಪಕ್ಷಗಳ ಕೂಟವು ಒಳಜಗಳದಿಂದಲೇ ಒಡೆಯಿತು. 2025ರ ಚುನಾವಣೆಯ ತರುವಾಯ ಮೆರ್ಟ್ಸ್ ಅವರ ಕೂಟದಲ್ಲಿ 328 ಮಂದಿ ಇದ್ದರೂ ಮೊದಲ ಸಲದ ಗುಪ್ತಮತದಾನದಲ್ಲಿ ಬಂದುವು 310 ಮತಗಳು, ಬೇಕಾಗಿದ್ದುದು 316. ಅದೇ ದಿನದ ಎರಡನೆಯ ಮತದಾನದಲ್ಲಿ ಅವರು ಗೆದ್ದರು.

ಸಮ್ಮಿಶ್ರ ಸರ್ಕಾರವೆಂದೊಡನೆ ಅದು ದುರ್ಬಲವೆಂದು ನಿರ್ಣಯಿಸುವುದು ನಮ್ಮ ವಾಡಿಕೆ. ಜರ್ಮನಿಯ ಅನುಭವವು ಕೇಳಬೇಕಾದ ಪ್ರಶ್ನೆಯನ್ನೇ ಬದಲಿಸುತ್ತದೆ. ಕೂಡಿದವರು ಎಷ್ಟು ಪಕ್ಷದವರೆಂಬುದಕ್ಕಿಂತ, ಅಗಲಬಯಸುವವರು ಮುಂದಿನ ಸರ್ಕಾರದ ಹೊಣೆಯನ್ನು ಹೊರಲು ಸಿದ್ಧರೇ ಎಂಬುದನ್ನು ವಿಚಾರಿಸುವುದು ಲೇಸು.