ವಿಲನ್‌ಗೂ ಒಂದು ಲೈಫ್ ಜಾಕೆಟ್

2016ರ ನವೆಂಬರ್ 7. ಮಾಗಡಿ ರಸ್ತೆ ಕಡೆಯ ತಿಪ್ಪಗೊಂಡನಹಳ್ಳಿ ಜಲಾಶಯ. ‘ಮಾಸ್ತಿಗುಡಿ’ ಸಿನಿಮಾದ ಕ್ಲೈಮ್ಯಾಕ್ಸ್ ಶೂಟಿಂಗ್. ಹೆಲಿಕಾಪ್ಟರ್‌ನಿಂದ ಮೂವರು ನೀರಿಗೆ ಹಾರಿದರು. ನಾಯಕ ದುನಿಯಾ ವಿಜಯ್ ಬದುಕಿ ಬಂದರು. ಖಳನಟರಾದ ಅನಿಲ್ ಮತ್ತು ಉದಯ್ ಬರಲಿಲ್ಲ.

ಆ ದೃಶ್ಯವನ್ನ ನೀವೆಲ್ಲ ಟಿವಿಯಲ್ಲಿ ಹತ್ತಾರು ಸಲ ನೋಡಿದ್ದೀರಿ. ಮರುದಿನ ರಾತ್ರಿ 8 ಗಂಟೆಗೆ ನೋಟು ರದ್ದತಿ ಘೋಷಣೆ ಆಯ್ತು. ನಮ್ಮ ಕ್ಯಾಮೆರಾಗಳು ಎಟಿಎಂ ಕ್ಯೂ ಕಡೆ ತಿರುಗಿದವು. ಆದರೆ ಒಂದು ಪ್ರಶ್ನೆ ಹಾಗೇ ಉಳೀತು. ಈಜು ಅಷ್ಟಾಗಿ ಬರಲ್ಲ, ಎತ್ತರ ಅಂದ್ರೆ ಭಯ ಅಂತ ಉದಯ್ ಅವತ್ತೇ ಕ್ಯಾಮೆರಾ ಮುಂದೆ ಹೇಳಿದ್ದರು. ಮತ್ತೆ ಹಾರಿದ್ದು ಯಾಕೆ?

ಉತ್ತರ ಬೇಕಾದರೆ ವಿಲನ್ ಕಡೆಯ ನಟರ ಬದುಕು ನೋಡಬೇಕು. ಅವರಿಗೆ ಡೈಲಾಗ್ ಕಮ್ಮಿ, ಪೋಸ್ಟರ್‌ನಲ್ಲಿ ಒಂದು ಮೂಲೆ. ಬಂಡವಾಳ ಅಂದ್ರೆ ಮೈಕಟ್ಟು ಒಂದೇ. ‘ಜಯಮ್ಮನ ಮಗ’ದಲ್ಲಿ ಉದಯ್ ಅವರನ್ನ ನೋಡಿದವರಿಗೆ ಇದು ಗೊತ್ತು. ಮೇಲೆ ಹತ್ತೋ ಏಣಿಯೂ ಕಣ್ಣೆದುರೇ ಇತ್ತು. ಟೈಗರ್ ಪ್ರಭಾಕರ್ ಫೈಟ್ ಮಾಡುತ್ತಲೇ ನಾಯಕರಾದರು. ವಿಜಯ್ ಕೂಡ 2007ರ ‘ದುನಿಯಾ’ಗೆ ಮೊದಲು ಸಣ್ಣಪುಟ್ಟ ಪಾತ್ರ ಮಾಡಿದವರೇ. ಹಾಂಕಾಂಗ್‌ನ ಜಾಕಿ ಚಾನ್ ಬ್ರೂಸ್ ಲೀ ಸಿನಿಮಾಗಳಲ್ಲಿ ಏಟು ತಿನ್ನೋ ಸ್ಟಂಟ್‌ಮ್ಯಾನ್ ಆಗಿದ್ದರು. ಇದನ್ನೆಲ್ಲ ಕಂಡವನು ‘ನಾನು ಹಾರಲ್ಲ ಸಾರ್’ ಅಂತ ಸುಲಭಕ್ಕೆ ಹೇಳುವುದಿಲ್ಲ. ಹೇಳಿದರೆ ಮುಂದಿನ ಸಿನಿಮಾಗೆ ಬೇರೆಯವನು ಬರುತ್ತಾನೆ.

ಈಗ ಸ್ವಲ್ಪ ಲೆಕ್ಕ. ಓದಿದ್ದು ಎಂಜಿನಿಯರಿಂಗ್, ಕ್ಷಮಿಸಿ. 60 ಅಡಿ ಮೇಲಿಂದ ಬಿದ್ದರೆ ನೀರು ಮುಟ್ಟೋಕೆ ಎರಡು ಸೆಕೆಂಡ್ ಸಾಕು. ಆಗಿನ ವೇಗ ಗಂಟೆಗೆ ಸುಮಾರು 68 ಕಿಲೋಮೀಟರ್. ಆ ಹೊಡೆತಕ್ಕೆ ಉಸಿರೇ ತಪ್ಪಬಹುದು. ಇನ್ನೊಂದು ವಿಷಯ: ಕೊಬ್ಬು ನೀರಿಗಿಂತ ಹಗುರ, ಮಾಂಸಖಂಡ ನೀರಿಗಿಂತ ಭಾರ. ಜಿಮ್‌ನಲ್ಲಿ ಕೊಬ್ಬು ಕರಗಿಸಿ ಕಟ್ಟಿದ ದೇಹ ಬೇಗ ಮುಳುಗುತ್ತೆ. ಪಾತ್ರ ತಂದುಕೊಟ್ಟ ಮೈಕಟ್ಟೇ ನೀರಲ್ಲಿ ಅವರಿಗೆ ಭಾರ ಆಯ್ತು. ಅಂಥ ಹೊತ್ತಲ್ಲಿ ಜೀವ ಉಳಿಸೋದು ಲೈಫ್ ಜಾಕೆಟ್ ಮತ್ತು ಪಕ್ಕದಲ್ಲೇ ಇರೋ ದೋಣಿ. ವಿಜಯ್ ಲೈಫ್ ಜಾಕೆಟ್ ಹಾಕಿದ್ದರು, ಇವರಿಬ್ಬರಿಗೆ ಇರಲಿಲ್ಲ ಅಂತ ಆಗ ವರದಿಯಾಯ್ತು. ದೋಣಿಯೂ ಸಮಯಕ್ಕೆ ತಲುಪಲಿಲ್ಲ.

ತಾವರೆಕೆರೆ ಠಾಣೆಯಲ್ಲಿ ಕೇಸ್ ಆಯ್ತು, ಚಿತ್ರತಂಡದವರ ಬಂಧನವೂ ಆಯ್ತು. ಯಾರ ತಪ್ಪು ಅನ್ನೋದು ಕೋರ್ಟಿಗೆ ಸೇರಿದ್ದು. ನಾನು ಕೇಳೋದು ವ್ಯವಸ್ಥೆ ಬಗ್ಗೆ.

ಪೀಣ್ಯದ ಫ್ಯಾಕ್ಟರಿಯಲ್ಲಿ ಕೆಲಸ ಮಾಡೋರಿಗೆ ಇದು ಚೆನ್ನಾಗಿ ಅರ್ಥವಾಗುತ್ತೆ. ಅಲ್ಲಿ 2025ರವರೆಗೂ 1948ರ ಕಾರ್ಖಾನೆ ಕಾಯ್ದೆ ಇತ್ತು. ಎತ್ತರದಲ್ಲಿ ಕೆಲಸ ಅಂದ್ರೆ ಬೆಲ್ಟ್ ಬೇಕು, ಹೆಲ್ಮೆಟ್ ಬೇಕು. ಎಷ್ಟು ಪಾಲನೆ ಆಗ್ತಿತ್ತು ಅನ್ನೋದು ಬೇರೆ ಮಾತು, ಕೇಳೋಕೆ ಕಾನೂನಾದರೂ ಇತ್ತು. ಕೆರೆ ದಂಡೆ ಮೇಲಿನ ಶೂಟಿಂಗ್ ಕಾರ್ಖಾನೆ ಅಲ್ಲ. ಸಿನಿಮಾ ಕಾರ್ಮಿಕರಿಗೆ ಆಗ 1981ರ ಕಾಯ್ದೆ ಒಂದಿತ್ತು. ಅದು ಹೆಚ್ಚಾಗಿ ಮಾತಾಡ್ತಿದ್ದದ್ದು ಲಿಖಿತ ಒಪ್ಪಂದ, ಭವಿಷ್ಯ ನಿಧಿ ಇಂಥದ್ದರ ಬಗ್ಗೆ.

ಪಾಠ ಕಲಿತೆವಾ? 2021ರ ಆಗಸ್ಟ್‌ನಲ್ಲಿ ಬಿಡದಿ ಹತ್ತಿರ ‘ಲವ್ ಯೂ ರಚ್ಚು’ ಶೂಟಿಂಗ್‌ನಲ್ಲಿ ಹೈಟೆನ್ಷನ್ ಕರೆಂಟ್ ತಗುಲಿ ಒಬ್ಬ ಫೈಟರ್ ಪ್ರಾಣ ಬಿಟ್ಟರು. ಐದು ವರ್ಷದೊಳಗೆ, ಇದೇ ಬೆಂಗಳೂರಿನ ಅಂಚಿನಲ್ಲಿ.

ವೀಕ್ಷಕರೇ, ಫೈಟ್ ಸೀನ್‌ಗೆ ಶಿಳ್ಳೆ ಹೊಡೀರಿ, ಬೇಡ ಅನ್ನಲ್ಲ. ಆದರೆ ಮುಂದಿನ ಸಲ ‘ಡ್ಯೂಪ್ ಇಲ್ಲದೆ ಮಾಡಿದ ಸಾಹಸ’ ಅಂತ ಪ್ರಚಾರ ಬಂದಾಗ, ಸುರಕ್ಷತೆಗೆ ಏನು ಮಾಡಿದ್ದಿರಿ ಅಂತಲೂ ಕೇಳಿ. ಮೈಕ್ ಹಿಡಿದು ನಿಲ್ಲೋ ನಾವು ಅದನ್ನ ಹಾರೋಕೆ ಮುಂಚೆಯೇ ಕೇಳಬೇಕು.