ಪಡಿತರ ಚೀಟಿ: ಅಕ್ಕಿಯ ಆಚೆಗೆ ಹೊಗೆನಕಲ್ ಭಾಗದ ಕುಟುಂಬಗಳಿಗೆ ದೊರೆಯುವುದೇನು?

ಕಾವೇರಿಯಲ್ಲಿ ಹರಿವು ಏರಿದಾಗಲೆಲ್ಲ ಹೊಗೆನಕಲ್ಲಿನಲ್ಲಿ ಹರಿಗೋಲು ನಡೆಸುವುದನ್ನು ಜಿಲ್ಲಾಡಳಿತ ನಿಷೇಧಿಸುತ್ತದೆ. ಪ್ರವಾಸಿಗರ ಬರವು ನಿಂತಂತೆ ಹರಿಗೋಲಿನವರು, ಮೀನು ಹುರಿದು ಮಾರುವವರು, ಎಣ್ಣೆ ನೀವುವವರು, ಸಣ್ಣ ಅಂಗಡಿಯವರು ಒಟ್ಟಾಗಿ ಆದಾಯ ಕಳೆದುಕೊಳ್ಳುತ್ತಾರೆ. ಅಂತಹ ದಿನಗಳಲ್ಲಿ ಮನೆಯ ಒಲೆ ಆರದಂತೆ ನೋಡಿಕೊಳ್ಳುವುದು ನ್ಯಾಯಬೆಲೆ ಅಂಗಡಿಯ ಚೀಲ. ಆದರೆ ನಮ್ಮಲ್ಲಿ ಹೆಚ್ಚಿನವರು ಪಡಿತರ ಚೀಟಿಯನ್ನು ಅಕ್ಕಿ ತರುವ ಕಾರ್ಡೆಂದಷ್ಟೇ ಬಲ್ಲರು. ಅದೇ ಚೀಟಿ ಆಸ್ಪತ್ರೆಯ ವೆಚ್ಚ, ಅಡುಗೆ ಅನಿಲ, ಮನೆಯೊಡತಿಯ ಮಾಸಿಕ ನೆರವು ಮೊದಲಾದ ಅನೇಕ ಸೌಲಭ್ಯಗಳಿಗೆ ಆಧಾರವಾಗಿದೆ. ಚೀಟಿಯಲ್ಲಿರುವ ಒಂದು ಸಣ್ಣ ಸಂಕೇತ, ಒಂದು ಹೆಸರಿನ ಒಂದು ಅಕ್ಷರ ಇವುಗಳನ್ನು ಒದಗಿಸಲೂಬಹುದು, ತಪ್ಪಿಸಲೂಬಹುದು.

ಮೊದಲು ಅಂಗಡಿಯ ಲೆಕ್ಕವನ್ನೇ ನೋಡೋಣ. ತಮಿಳುನಾಡಿನಲ್ಲಿ 2011ರ ಜೂನ್ 1ರಿಂದ ಪಡಿತರ ಅಕ್ಕಿ ಉಚಿತ. ಆದ್ಯತಾ ಕುಟುಂಬಕ್ಕೆ ತಲಾ 5 ಕಿಲೋ ಲೆಕ್ಕ; ನಾಲ್ವರ ಮನೆಗೆ ತಿಂಗಳಿಗೆ 20 ಕಿಲೋ ಆಗುತ್ತದೆ. ಅಂತ್ಯೋದಯ ಕುಟುಂಬಕ್ಕೆ ಸದಸ್ಯರೆಷ್ಟೇ ಇರಲಿ, 35 ಕಿಲೋ. ತೊಗರಿಬೇಳೆ ಕಿಲೋಗೆ 30 ರೂಪಾಯಿ, ಪಾಮಾಯಿಲ್ ಲೀಟರಿಗೆ 25 ರೂಪಾಯಿ. ಸಕ್ಕರೆ ಅಂತ್ಯೋದಯದವರಿಗೆ 13 ರೂಪಾಯಿ 50 ಪೈಸೆ, ಉಳಿದವರಿಗೆ 25 ರೂಪಾಯಿ. ಹೊರಗೆ ಅಕ್ಕಿಯ ಬೆಲೆ ಕಿಲೋಗೆ 40 ರೂಪಾಯಿ, ಬೇಳೆಯದು 120, ಎಣ್ಣೆಯದು 120 ಎಂದು ಹಿಡಿದರೆ, 20 ಕಿಲೋ ಅಕ್ಕಿಯಲ್ಲಿ 800, ಒಂದು ಕಿಲೋ ಬೇಳೆಯಲ್ಲಿ 90, ಒಂದು ಲೀಟರು ಎಣ್ಣೆಯಲ್ಲಿ 95, ಒಟ್ಟು 985 ರೂಪಾಯಿ ಪ್ರತಿ ತಿಂಗಳೂ ಉಳಿಯುತ್ತದೆ. ತಮ್ಮೂರಿನ ಸಂತೆಯ ದರ ಹಾಕಿ ಪಾಲಕರು ಈ ಲೆಕ್ಕವನ್ನು ತಾವೇ ಮಾಡಿನೋಡಬಹುದು. ಮಕ್ಕಳಿಗೂ ಒಳ್ಳೆಯ ಗಣಿತಾಭ್ಯಾಸ.

ಮುದ್ದೆ ಉಣ್ಣುವ ಮನೆಗಳಿಗೆ ಸಂಬಂಧಿಸಿದ ಮಾತೊಂದು ಇಲ್ಲಿದೆ. 2023ರಲ್ಲಿ ರಾಜ್ಯ ಸರ್ಕಾರ ನೀಲಗಿರಿ ಮತ್ತು ಧರ್ಮಪುರಿ ಜಿಲ್ಲೆಗಳನ್ನು ಆರಿಸಿ, ಅಕ್ಕಿಯ ಪಾಲಿನಲ್ಲಿ 2 ಕಿಲೋಗೆ ಬದಲಾಗಿ 2 ಕಿಲೋ ರಾಗಿ ಕೊಡುವ ವ್ಯವಸ್ಥೆಯನ್ನು ಪ್ರಾಯೋಗಿಕವಾಗಿ ಆರಂಭಿಸಿತು. ರಾಗಿ ಬೆಳೆಯುವ ನಾಡಿನಲ್ಲಿ ರಾಗಿಯನ್ನೇ ಹಂಚುವುದು ಎಂದೋ ಆಗಬೇಕಾಗಿದ್ದ ಕೆಲಸ. ಬೇಕಾದವರು ಅಂಗಡಿಯಲ್ಲಿ ಕೇಳಿ ಪಡೆಯಬೇಕು.

ಇನ್ನು ಮುಖ್ಯ ವಿಷಯಕ್ಕೆ ಬರೋಣ. 2017ರಿಂದ ವಿತರಣೆಯಾದ ಸ್ಮಾರ್ಟ್ ಕಾರ್ಡಿನ ಮೇಲೆ ಇಂಗ್ಲಿಷಿನಲ್ಲಿ ಒಂದು ಸಂಕೇತ ಮುದ್ರಿತವಾಗಿರುತ್ತದೆ. ಪಿಎಚ್‌ಎಚ್ ಎಂದಿದ್ದರೆ ಆದ್ಯತಾ ಕುಟುಂಬ. ಅದರೊಡನೆ ಎಎವೈ ಎಂದಿದ್ದರೆ ಅಂತ್ಯೋದಯ. ಎನ್‌ಪಿಎಚ್‌ಎಚ್ ಎಂದಿದ್ದರೆ ಆದ್ಯತೇತರ ಕುಟುಂಬ. ಎನ್‌ಪಿಎಚ್‌ಎಚ್ ಮುಂದೆ ಎಸ್ ಇದ್ದರೆ ಅಕ್ಕಿಯ ಬದಲು ಸಕ್ಕರೆ. ಎನ್‌ಸಿ ಇದ್ದರೆ ಯಾವ ಸಾಮಗ್ರಿಯೂ ಇಲ್ಲ, ಗುರುತಿಗೆ ಮಾತ್ರ.

ರಾಷ್ಟ್ರೀಯ ಆಹಾರ ಭದ್ರತಾ ಕಾಯಿದೆ 2013ರಲ್ಲಿ ಅಂಗೀಕೃತವಾದರೂ ತಮಿಳುನಾಡು ಅದನ್ನು 2016ರ ನವೆಂಬರ್ 1ರಿಂದ ಜಾರಿಗೆ ತಂದಿತು. ಆ ಕಾಯಿದೆಯ ವ್ಯಾಪ್ತಿಗೆ ಬರುವವರು ಪಿಎಚ್‌ಎಚ್ ಮತ್ತು ಅಂತ್ಯೋದಯದವರು ಮಾತ್ರ. ಎನ್‌ಪಿಎಚ್‌ಎಚ್ ಅಕ್ಕಿ ಕಾರ್ಡಿನವರಿಗೂ ರಾಜ್ಯ ಸರ್ಕಾರ ತನ್ನ ಖರ್ಚಿನಲ್ಲಿ ಉಚಿತವಾಗಿ ಅಕ್ಕಿ ಕೊಡುತ್ತಿರುವುದರಿಂದ ಅಂಗಡಿಯ ಮುಂದಿನ ಸಾಲಿನಲ್ಲಿ ಇವರಿಬ್ಬರ ನಡುವಿನ ವ್ಯತ್ಯಾಸ ಕಾಣಿಸುವುದೇ ಇಲ್ಲ. ಅದು ಕಾಣಿಸುವುದು ಗಡಿ ದಾಟಿದಾಗ.

ಧರ್ಮಪುರಿ ಜಿಲ್ಲೆಯಿಂದ ಕಟ್ಟಡದ ಕೆಲಸಕ್ಕಾಗಿ ಬೆಂಗಳೂರಿಗೆ ಹೋಗುವವರ ಸಂಖ್ಯೆ ದೊಡ್ಡದು. ‘ಒಂದು ರಾಷ್ಟ್ರ, ಒಂದು ಪಡಿತರ ಚೀಟಿ’ ವ್ಯವಸ್ಥೆಗೆ ಕರ್ನಾಟಕ 2020ರ ಜನವರಿಯಲ್ಲಿಯೂ ತಮಿಳುನಾಡು ಅದೇ ವರ್ಷದ ಅಕ್ಟೋಬರ್ 1ರಂದೂ ಸೇರಿದವು. ಇದರಂತೆ ಪೆನ್ನಾಗರಂ ತಾಲೂಕಿನ ಕಾರ್ಡುಳ್ಳ ಕುಟುಂಬದ ಸದಸ್ಯನೊಬ್ಬ ಬೆಂಗಳೂರಿನ ಯಾವುದೇ ನ್ಯಾಯಬೆಲೆ ಅಂಗಡಿಯಲ್ಲಿ ಬೆರಳಚ್ಚು ಕೊಟ್ಟು ಧಾನ್ಯ ಪಡೆಯಬಹುದು. ತನ್ನ ಪಾಲನ್ನು ಅಲ್ಲಿ ಪಡೆದು, ಮಿಕ್ಕಿದ್ದನ್ನು ಊರಿನಲ್ಲಿರುವ ಮನೆಯವರಿಗೆ ಬಿಡುವುದಕ್ಕೂ ಅವಕಾಶವಿದೆ. ಕಾರ್ಡು ಮತ್ತು ಆಧಾರ್ ಜೋಡಣೆಯಾಗಿರಬೇಕು, ಅಷ್ಟೆ. ಕೇಂದ್ರದ ಧಾನ್ಯ 2023ರ ಜನವರಿ 1ರಿಂದ ಉಚಿತವಾಗಿದ್ದು, 2024ರ ಜನವರಿಯಿಂದ ಐದು ವರ್ಷಗಳ ಕಾಲ ಮುಂದುವರಿಸಲಾಗಿದೆ. ಆದರೆ ಈ ಸೌಲಭ್ಯ ಆಹಾರ ಭದ್ರತಾ ಕಾಯಿದೆಯ ಫಲಾನುಭವಿಗಳಿಗೆ ಮಾತ್ರ. ಎನ್‌ಪಿಎಚ್‌ಎಚ್ ಕಾರ್ಡಿನವರು ಹೊಸೂರು ದಾಟಿದರೆ ಬರಿಗೈ. ಇನ್ನೊಂದು ಮಿತಿಯೂ ಉಂಟು: ತಮಿಳುನಾಡಿನ ಬೇಳೆ, ಎಣ್ಣೆ ಅಲ್ಲಿ ದೊರೆಯುವುದಿಲ್ಲ, ಕರ್ನಾಟಕದ ಅನ್ನಭಾಗ್ಯದ ಹೆಚ್ಚುವರಿ ಪಾಲೂ ನಮಗೆ ಸಲ್ಲುವುದಿಲ್ಲ. ಆದ್ದರಿಂದ ಕೂಲಿಗೆ ವಲಸೆ ಹೋಗುವ ಮನೆಯವರು ತಮ್ಮ ಸಂಕೇತವನ್ನು ಇಂದೇ ನೋಡಿಕೊಳ್ಳುವುದು ಲೇಸು. ವಿಧವೆಯರು, ಅಂಗವಿಕಲರು, ಆಸರೆಯಿಲ್ಲದ ವೃದ್ಧರು ನಡೆಸುವ ಮನೆಗೂ ಭೂರಹಿತ ಕೂಲಿಕಾರರ ಮನೆಗೂ ಎನ್‌ಪಿಎಚ್‌ಎಚ್ ಎಂದು ಮುದ್ರಿತವಾಗಿದ್ದರೆ, ವರ್ಗ ಬದಲಾವಣೆ ಕೋರಿ ತಾಲೂಕು ಸರಬರಾಜು ಅಧಿಕಾರಿಗೆ ಅರ್ಜಿ ಸಲ್ಲಿಸಬೇಕು.

ನದಿಯಾಚೆಯ ಚಾಮರಾಜನಗರ ಜಿಲ್ಲೆಯೊಡನೆ ನಮ್ಮವರ ಕೊಡುಕೊಳ್ಳುವಿಕೆ ಹಳೆಯದು. ಕೊಳ್ಳೇಗಾಲ, ಹನೂರು ಕಡೆಯಿಂದ ಬಂದ ಸೊಸೆಯ ಹೆಸರು ತವರಿನ ಬಿಪಿಎಲ್ ಕಾರ್ಡಿನಲ್ಲಿಯೇ ಉಳಿದುಬಿಡುವುದುಂಟು. ಆಧಾರ್ ಜೋಡಣೆಯಾದ ಮೇಲೆ ಒಬ್ಬರ ಹೆಸರು ಎರಡು ಕಾರ್ಡುಗಳಲ್ಲಿ ಇರುವಂತಿಲ್ಲ. ಅಲ್ಲಿ ಹೆಸರು ತೆಗೆಸದೆ ಇಲ್ಲಿ ಸೇರಿಸಲು ಹೋದರೆ ಅರ್ಜಿ ತಿರಸ್ಕೃತವಾಗುತ್ತದೆ. ಅವಳ ಪಾಲಿನ ಅಕ್ಕಿಯೊಂದೇ ಅಲ್ಲ, ಹುಟ್ಟುವ ಮಗುವಿನ ದಾಖಲೆಗಳೂ ತೊಡಕಿಗೆ ಸಿಲುಕುತ್ತವೆ. ಮದುವೆಯಾದ ವರ್ಷದಲ್ಲಿಯೇ ತವರಿನ ತಾಲೂಕು ಆಹಾರ ಶಾಖೆಯಲ್ಲಿ ಹೆಸರು ತೆಗೆಸಿ, ಅದರ ಪ್ರಮಾಣಪತ್ರ ತಂದು ಇಲ್ಲಿ ಸೇರಿಸುವುದು ಸರಿಯಾದ ಕ್ರಮ.

ಅಕ್ಷರದ ತೊಡಕು ಕನ್ನಡ ಕುಟುಂಬಗಳಿಗೇ ವಿಶೇಷವಾದುದು. ಕ, ಖ, ಗ, ಘ ನಾಲ್ಕಕ್ಕೂ ತಮಿಳಿನಲ್ಲಿ ಒಂದೇ ಅಕ್ಷರ. ಪ, ಫ, ಬ, ಭ ನಾಲ್ಕಕ್ಕೂ ಹಾಗೆಯೇ. ಕನ್ನಡ ಶಾಲೆಯ ದಾಖಲಾತಿಯಲ್ಲಿ ‘ಭಾಗ್ಯ’ ಆಗಿರುವ ಹುಡುಗಿ ತಮಿಳು ಕಾರ್ಡಿಗೆ ಹೋಗಿ, ಅಲ್ಲಿಂದ ಇಂಗ್ಲಿಷಿಗೆ ಬರುವಷ್ಟರಲ್ಲಿ ‘ಪಾಕ್ಯ’ ಆಗಿರುತ್ತಾಳೆ. ಗೌರಮ್ಮ ‘ಕೌರಮ್ಮ’ ಆಗುತ್ತಾಳೆ. ಅಂಗಡಿಯಲ್ಲಿ ಬೆರಳಚ್ಚು ಹೊಂದಿದರೆ ಸಾಕು, ಹೆಸರನ್ನು ಯಾರೂ ಓದಿ ನೋಡುವುದಿಲ್ಲ. ಆದರೆ ವಿದ್ಯಾರ್ಥಿವೇತನ, ಬ್ಯಾಂಕ್ ಖಾತೆ, ಆದಾಯ ಪ್ರಮಾಣಪತ್ರ, ಆರೋಗ್ಯ ವಿಮೆಗಳಲ್ಲಿ ಶಾಲಾ ದಾಖಲೆ, ಆಧಾರ್ ಮತ್ತು ಪಡಿತರ ಚೀಟಿ ಮೂರರಲ್ಲಿಯೂ ಹೆಸರು ಒಂದೇ ಆಗಿರಬೇಕೆಂದು ಕೇಳುತ್ತಾರೆ. ಮೊದಲು ಆಧಾರ್‌ನಲ್ಲಿ ಇಂಗ್ಲಿಷ್ ಕಾಗುಣಿತವನ್ನು ಶಾಲಾ ದಾಖಲೆಗೆ ಸರಿಹೊಂದಿಸಿ, ಬಳಿಕ ಅದರ ಆಧಾರದ ಮೇಲೆ ಪಡಿತರ ಚೀಟಿಯನ್ನು ತಿದ್ದಿಸುವುದು ಸುಲಭ. ತಮಿಳುನಾಡು ಸಾರ್ವಜನಿಕ ವಿತರಣಾ ವ್ಯವಸ್ಥೆಯ ಜಾಲತಾಣದಲ್ಲಾಗಲಿ ಇ-ಸೇವೈ ಕೇಂದ್ರದಲ್ಲಾಗಲಿ ಇದನ್ನು ಮಾಡಿಸಬಹುದು. ಹತ್ತನೆಯ ತರಗತಿಯ ಅಂಕಪಟ್ಟಿ ಮುದ್ರಣವಾಗುವ ಮುನ್ನವೇ ಮುಗಿಸಿದರೆ ಮುಂದಿನ ಅಲೆದಾಟ ತಪ್ಪುತ್ತದೆ.

ಅಕ್ಕಿಯ ಆಚೆಗಿನ ಸೌಲಭ್ಯಗಳಲ್ಲಿ ಅತ್ಯಂತ ಬೆಲೆಯುಳ್ಳದ್ದು ಮುಖ್ಯಮಂತ್ರಿಗಳ ಸಮಗ್ರ ಆರೋಗ್ಯ ವಿಮಾ ಯೋಜನೆ. ವಾರ್ಷಿಕ ಆದಾಯ 1,20,000 ರೂಪಾಯಿಗಿಂತ ಕಡಿಮೆಯಿರುವ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿಯವರೆಗೆ ಚಿಕಿತ್ಸೆ. ಪಡಿತರ ಚೀಟಿಯಲ್ಲಿ ಹೆಸರಿರುವವರನ್ನೇ ಕುಟುಂಬದವರೆಂದು ಪರಿಗಣಿಸಲಾಗುತ್ತದೆ. ಜೊತೆಗೆ ಗ್ರಾಮಾಡಳಿತಾಧಿಕಾರಿ, ಅಂದರೆ ವಿಎಒ ಅವರಿಂದ ಆದಾಯದ ಪತ್ರ ಬೇಕು. ಮಗುವಿನ ಹೆಸರನ್ನು ಚೀಟಿಗೆ ಸೇರಿಸಲು ಉದಾಸೀನ ಮಾಡಿದವರಿಗೆ ಅದರ ಬೆಲೆ ತಿಳಿಯುವುದು ಆಸ್ಪತ್ರೆಯ ಬಾಗಿಲಿನಲ್ಲಿ.

ಅಡುಗೆ ಅನಿಲದ ಉಜ್ವಲಾ ಯೋಜನೆ ಬಡ ಕುಟುಂಬದ ವಯಸ್ಕ ಮಹಿಳೆಯ ಹೆಸರಿನಲ್ಲಿ ಸಂಪರ್ಕ ನೀಡುತ್ತದೆ. ಮನೆಯಲ್ಲಿ ಬೇರೆ ಸಂಪರ್ಕ ಇರಬಾರದು. 2025-26ನೇ ಸಾಲಿಗೆ 14.2 ಕಿಲೋ ಸಿಲಿಂಡರಿಗೆ 300 ರೂಪಾಯಿಯಂತೆ 9 ಸಿಲಿಂಡರುಗಳವರೆಗೆ ಸಹಾಯಧನಕ್ಕೆ ಕೇಂದ್ರ ಸಂಪುಟ ಒಪ್ಪಿಗೆ ನೀಡಿತ್ತು. ಒಂಬತ್ತನ್ನೂ ಬಳಸಿದ ಮನೆಗೆ 2,700 ರೂಪಾಯಿ.

ಮಹಿಳೆಯರಿಗೆ ತಿಂಗಳಿಗೆ 1,000 ರೂಪಾಯಿ ನೀಡುವ ಕಲೈಞರ್ ಮಹಿಳಾ ಹಕ್ಕುಧನ ಯೋಜನೆಯ ನೋಂದಣಿ ಶಿಬಿರ ಆರಂಭವಾದುದು ನಮ್ಮ ಜಿಲ್ಲೆಯ ತೊಪ್ಪೂರಿನಲ್ಲಿಯೇ, 2023ರ ಜುಲೈ 24ರಂದು. ಹಣ ಸಂದಾಯ ಅದೇ ವರ್ಷ ಸೆಪ್ಟೆಂಬರ್ 15ರಿಂದ. ಒಂದು ಪಡಿತರ ಚೀಟಿಗೆ ಒಬ್ಬ ಮಹಿಳೆ ಎಂಬುದು ನಿಯಮ. 21 ವರ್ಷ ತುಂಬಿರಬೇಕು, ಕುಟುಂಬದ ವಾರ್ಷಿಕ ಆದಾಯ ಎರಡೂವರೆ ಲಕ್ಷ ಮೀರಿರಬಾರದು.

ಮನೆಯಲ್ಲಿ ಅಂಗಡಿಗೆ ಹೋಗಿಬರುವವರಿಲ್ಲದ ಹಿರಿಯರಿಗೆ, ಅಂಗವಿಕಲರಿಗೆ 2025ರ ಆಗಸ್ಟ್ 12ರಿಂದ ತಾಯುಮಾನವರ್ ಯೋಜನೆಯಡಿ ಪಡಿತರ ಮನೆಬಾಗಿಲಿಗೇ ಬರುತ್ತದೆ.

ಶಾಲೆಯ ಊಟಕ್ಕೆ ಚೀಟಿಯ ಸಂಕೇತ ಮುಖ್ಯವಲ್ಲ. ಮಧ್ಯಾಹ್ನದ ಊಟದ ಜೊತೆಗೆ, 2022ರ ಸೆಪ್ಟೆಂಬರಿನಲ್ಲಿ ಆರಂಭವಾದ ಬೆಳಗಿನ ಉಪಾಹಾರ 2023ರ ಆಗಸ್ಟಿನಿಂದ ಎಲ್ಲ ಸರ್ಕಾರಿ ಪ್ರಾಥಮಿಕ ಶಾಲೆಗಳಿಗೂ, 2024ರ ಜುಲೈ 15ರಿಂದ ಗ್ರಾಮೀಣ ಅನುದಾನಿತ ಶಾಲೆಗಳಿಗೂ ವಿಸ್ತರಿಸಿದೆ. ಊಟದಲ್ಲಿ ಮಾಧ್ಯಮದ ಭೇದವಿಲ್ಲ. ಆದರೆ ಕಾಲೇಜಿಗೆ ಹೋಗುವ ಹೆಣ್ಣುಮಕ್ಕಳಿಗೆ ತಿಂಗಳಿಗೆ 1,000 ರೂಪಾಯಿ ಕೊಡುವ ‘ಪುದುಮೈ ಪೆಣ್’ ಯೋಜನೆಯಲ್ಲಿ ಎಚ್ಚರ ಅಗತ್ಯ. 6ರಿಂದ 12ನೇ ತರಗತಿಯವರೆಗೆ ಸರ್ಕಾರಿ ಶಾಲೆಯಲ್ಲಿ ಓದಿದವರಿಗೆ ಎಂದು ಆರಂಭವಾದ ಈ ಯೋಜನೆಯನ್ನು 2024ರ ಡಿಸೆಂಬರ್ 30ರಂದು ಅನುದಾನಿತ ಶಾಲೆಗಳಿಗೆ ವಿಸ್ತರಿಸಿದಾಗ ‘ತಮಿಳು ಮಾಧ್ಯಮ’ ಎಂಬ ಮಾತು ಸೇರಿತು. ಅನುದಾನಿತ ಕನ್ನಡ ಶಾಲೆಯ ಬಡ ಹುಡುಗಿ ಅದರ ಹೊರಗೆ ಉಳಿಯುವುದು ನ್ಯಾಯವೆಂದು ತೋರುವುದಿಲ್ಲ. ಭಾಷಾ ಅಲ್ಪಸಂಖ್ಯಾತ ಸಂಘಟನೆಗಳು ಹಿಡಿದು ಕೇಳಬೇಕಾದ ವಿಷಯವಿದು. ಆರನೆಯ ತರಗತಿಗೆ ಶಾಲೆ ಆರಿಸುವಾಗ ಪಾಲಕರು ಇದನ್ನೂ ಗಮನಿಸಬೇಕು.

ತೂಕ ಕಡಿಮೆಯಾದರೆ, ಪಡೆಯದ ಸಾಮಗ್ರಿಯನ್ನು ಪಡೆದಂತೆ ಮೊಬೈಲಿಗೆ ಸಂದೇಶ ಬಂದರೆ 1967 ಅಥವಾ 1800 425 5901 ಸಂಖ್ಯೆಗೆ ಕರೆಮಾಡಬಹುದು. ಲಿಖಿತ ದೂರನ್ನು ಹೊಗೆನಕಲ್ಲಿನವರು ಪೆನ್ನಾಗರಂ ತಾಲೂಕು ಕಚೇರಿಯಲ್ಲಿ, ಸೇಲಂ ಜಿಲ್ಲೆಯ ಕೊಳತ್ತೂರು ಕಡೆಯವರು ಮೇಟ್ಟೂರು ತಾಲೂಕು ಕಚೇರಿಯಲ್ಲಿ ಕೊಡಬೇಕು. ತಮಿಳು ಬರೆಯಲು ಬಾರದವರು ಕನ್ನಡದಲ್ಲಿಯೇ ಬರೆದುಕೊಡಬಹುದು: ಒಕ್ಕೂಟದಲ್ಲಿ ಅಥವಾ ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವುದೇ ಭಾಷೆಯಲ್ಲಿ ಕುಂದುಕೊರತೆಯ ಮನವಿ ಸಲ್ಲಿಸುವ ಹಕ್ಕನ್ನು ಸಂವಿಧಾನದ 350ನೆಯ ವಿಧಿ ನೀಡಿದೆ. ಬೇಗ ಕೆಲಸವಾಗಬೇಕಾದರೆ ಜೊತೆಗೊಂದು ತಮಿಳು ಪ್ರತಿ ಇಟ್ಟರೆ ಅನುಕೂಲ. ದಿನಾಂಕ, ಮೊಹರುಗಳುಳ್ಳ ಸ್ವೀಕೃತಿಯನ್ನು ಪಡೆಯದೆ ಮಾತ್ರ ಹಿಂದಿರುಗಬಾರದು.