ರಕ್ತಬಿಂದುವಿನ ಸಾಕ್ಷ್ಯ

ಈಚೆಗೆ ಚಂದಕವಾಡಿಯ ನಮ್ಮ ಮನೆಯಲ್ಲಿ ಶುಭಕಾರ್ಯವೊಂದು ನಡೆಯಿತು. ಆರತಿಯ ತಟ್ಟೆ ಹಿಡಿದು ಓಡಿದ ಮೊಮ್ಮಗಳ ಕೈಯಿಂದ ಕೆಂಪು ನೀರು ಜಗಲಿಯ ಮೇಲೆ ಚೆಲ್ಲಿತು. ನೆಟ್ಟಗೆ ಬಿದ್ದ ಹನಿಗಳು ದುಂಡಗಿದ್ದವು. ಓರೆಯಾಗಿ ಬಿದ್ದವು ನೀಳವಾಗಿ, ಹೋದ ದಿಕ್ಕಿಗೆ ಬಾಲ ಚಾಚಿದ್ದವು. ಮಗು ಯಾವ ಕಡೆಗೆ ಓಡಿತೆಂಬುದನ್ನು ನೋಡದವರೂ ಹೇಳಬಹುದಾಗಿತ್ತು. ಕೊಲೆ ನಡೆದ ಸ್ಥಳದಲ್ಲಿ ರಕ್ತದ ಕಲೆಗಳನ್ನು ಪರೀಕ್ಷಿಸುವ ತಜ್ಞನ ವಿದ್ಯೆಗೆ ಮೂಲವೂ ಇದೇ.

ಕಲೆಯು ರಕ್ತವೇ ಅಲ್ಲವೇ ಎಂಬುದು ಆತನ ಮೊದಲ ಪ್ರಶ್ನೆ; ಎಲೆಯಡಕೆಯ ಉಗುಳೂ ಕಣ್ಣಿಗೆ ರಕ್ತದಂತೆಯೇ ತೋರಬಹುದಷ್ಟೆ. ಅದು ಪ್ರಯೋಗಾಲಯದಲ್ಲಿ ನಿಶ್ಚಯವಾದ ಬಳಿಕ ಅಳತೆಯ ಕೆಲಸ. ಕಲೆಯ ಅಗಲವನ್ನು ಉದ್ದದಿಂದ ಭಾಗಿಸಿದರೆ ಹನಿಯು ಬಡಿದ ಕೋನದ 'ಜ್ಯಾ' ದೊರೆಯುತ್ತದೆ. ಆರ್ಯಭಟನು ಕೋಷ್ಟಕ ರಚಿಸಿದ್ದು ಈ ಜ್ಯಾಗಳಿಗೇ. ಉದ್ದ 10 ಮಿಲಿಮೀಟರ್, ಅಗಲ 5 ಇದ್ದರೆ ಕೋನವು 30 ಡಿಗ್ರಿ. ಹಲವು ಕಲೆಗಳ ನೇರದಲ್ಲಿ ಹಿಂದಕ್ಕೆ ಗೆರೆಯೆಳೆದರೆ, ಅವು ಕೂಡುವ ಎಡೆಯ ಸುತ್ತಿನಿಂದ ರಕ್ತ ಸಿಡಿಯಿತೆಂದು ಊಹಿಸಬಹುದು.

1895ರಲ್ಲಿ ವಿಯೆನ್ನಾ ನಗರದಲ್ಲಿ ಪಿಯೊಟ್ರೋವ್ಸ್ಕಿ ಎಂಬ ಪಂಡಿತನು ಈ ಕಲೆಗಳನ್ನು ಪ್ರಯೋಗಪೂರ್ವಕವಾಗಿ ಶೋಧಿಸಿ ಗ್ರಂಥ ಪ್ರಕಟಿಸಿದನು. ಅಮೆರಿಕೆಯ ವೈದ್ಯ ಸ್ಯಾಮ್ ಶೆಪರ್ಡನಿಗೆ ಪತ್ನಿಯನ್ನು ಕೊಂದನೆಂದು 1954ರಲ್ಲಿ ಶಿಕ್ಷೆಯಾಗಿತ್ತು. ಪಾಲ್ ಕಿರ್ಕ್ ಎಂಬ ವಿಜ್ಞಾನಿಯು ಕೋಣೆಯ ಕಲೆಗಳನ್ನು ಪರೀಕ್ಷಿಸಿ, ಹೊಡೆದವನು ಎಡಚನೆಂದು 1955ರಲ್ಲಿ ತಿಳಿಸಿದನು, ಶೆಪರ್ಡನು ಬಲಗೈಯವನು. 1966ರ ಮರುವಿಚಾರಣೆಯಲ್ಲಿ ಕಿರ್ಕನೂ ಸಾಕ್ಷ್ಯ ನುಡಿದನು; ಶೆಪರ್ಡನು ನಿರ್ದೋಷಿಯೆಂದು ತೀರ್ಪಾಯಿತು.

ಇದೇ ವಿದ್ಯೆಯು ಕೆಡುಕನ್ನೂ ಮಾಡಬಲ್ಲುದು. ಟೆಕ್ಸಾಸಿನಲ್ಲಿ 1985ರಲ್ಲಿ ಪತ್ನಿಯ ಕೊಲೆಯಾಗಿ, ಜೋ ಬ್ರಯನ್ ಎಂಬ ಮುಖ್ಯೋಪಾಧ್ಯಾಯನು ಅಪರಾಧಿಯೆನಿಸಿದನು. ಒಂದು ಟಾರ್ಚಿನ ಮೇಲಿನ ಸಣ್ಣ ಕಲೆಗಳಿಗೆ ತಜ್ಞನು ಹೇಳಿದ ಅರ್ಥವೇ ಮುಖ್ಯ ಸಾಕ್ಷ್ಯವಾಗಿತ್ತು. ಆ ವಿಶ್ಲೇಷಣೆಗೆ ವಿಜ್ಞಾನದ ಆಧಾರವಿಲ್ಲವೆಂದು ಅಲ್ಲಿನ ಆಯೋಗವು 2018ರಲ್ಲಿ ಹೇಳಿತು. ತಜ್ಞನೂ ತನ್ನ ತಪ್ಪನ್ನು ಒಪ್ಪಿದನು. ಬ್ರಯನ್ನನು ಸೆರೆಮನೆಯಿಂದ ಪೆರೋಲಿನ ಮೇಲೆ ಹೊರಬಂದದ್ದು 2020ರಲ್ಲಿ. ಬಾಳೆಲ್ಲ ಶಾಲೆಯಲ್ಲಿ ಕಳೆದ ನಮಗೆ ಇದನ್ನು ಓದಿ ಮನಸ್ಸು ಮರುಗಿತು.

ಹೊಗೆಯನ್ನು ಕಂಡು ಬೆಂಕಿಯನ್ನು ತಿಳಿಯುವುದು ನ್ಯಾಯಶಾಸ್ತ್ರದಲ್ಲಿ ಅನುಮಾನ. ಬಿಳಿಗಿರಿಯ ಮೇಲಿನ ಮಂಜನ್ನೇ ಹೊಗೆಯೆಂದು ಬಗೆದರೆ ಅನುಮಾನವೆಲ್ಲ ಹುಸಿಯಾಗುತ್ತದೆ. ಆಗ ತಪ್ಪು ಮಂಜಿನದಲ್ಲ, ನೋಡಿದವನದು. ಕಲೆಯು ಎಷ್ಟನ್ನು ಹೇಳುವುದೋ ಅಷ್ಟನ್ನೇ ಹೇಳಿ ನಿಲ್ಲುವವನೇ ಒಳ್ಳೆಯ ತಜ್ಞ.

ಗೃಹಸ್ಥರಾದ ನಮಗೂ ಇದರಲ್ಲಿ ಒಂದು ಕರ್ತವ್ಯವುಂಟು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯು, 7 ವರ್ಷ ಅಥವಾ ಅದಕ್ಕೆ ಮೇಲ್ಪಟ್ಟ ಶಿಕ್ಷೆಯುಳ್ಳ ಅಪರಾಧಗಳಲ್ಲಿ ವಿಧಿವಿಜ್ಞಾನ ತಜ್ಞರು ಸ್ಥಳಕ್ಕೇ ಬರಬೇಕೆಂದು ವಿಧಿಸಿ, ಅದನ್ನು ಏರ್ಪಡಿಸಲು ರಾಜ್ಯಗಳಿಗೆ 5 ವರ್ಷಗಳ ಅವಧಿ ಕೊಟ್ಟಿದೆ. ಮೈಸೂರಿನಲ್ಲಿ ಪ್ರಾದೇಶಿಕ ಪ್ರಯೋಗಾಲಯವೂ ಇದೆ. ಆದರೆ ತಜ್ಞರು ಬರುವಷ್ಟರಲ್ಲಿ ನೆಲವನ್ನು ತೊಳೆದು ಸಾರಿಸಿದ್ದರೆ ಅವರು ನೋಡುವುದೇನನ್ನು? ಸಾವಾದ ಮನೆಯನ್ನು ಶುಚಿಮಾಡುವುದು ಸದಾಚಾರವೇ ಸರಿ. ಆದರೆ ಸಾವಿನಲ್ಲಿ ಸಂಶಯವಿದ್ದರೆ ಆ ಶೌಚವು ಒಂದು ದಿನ ಕಾಯಲಿ. ಜೀವವಿದ್ದವರನ್ನು ಮೊದಲು ಆಸ್ಪತ್ರೆಗೆ ಸಾಗಿಸಿ, ಪೊಲೀಸರಿಗೆ ತಿಳಿಸಿ, ಬಾಗಿಲು ಮುಚ್ಚಿ ಹೊರಗೆ ನಿಲ್ಲುವುದೇ ಯುಕ್ತ. ತೊಳೆದುಹೋದ ಆ ಹನಿಯೇ ನಿರಪರಾಧಿಯೊಬ್ಬನಿಗೆ ಇದ್ದ ಒಂದೇ ಸಾಕ್ಷಿಯಾಗಿರಬಹುದು.